ಸೆಲರಿ ಗೆಡ್ಡೆ: ಸುಟ್ಟ ಕೀರ್ತಿ, ಹಸಿ ರುಚಿ

ಸೆಲರಿ ಗೆಡ್ಡೆಯ ಬಹುಭಾಗ ಬೇರಲ್ಲ, ನೆಲಮಟ್ಟದಲ್ಲಿ ಉಬ್ಬಿಕೊಂಡ ಕಾಂಡದ ಬುಡ. ಸೂಪಿಗೂ ಫ್ರೈಡ್ ರೈಸಿಗೂ ಹೆಚ್ಚಿ ಹಾಕುವ ಹಸಿರು ದಂಟಿನ ಸೆಲರಿ ಮತ್ತು ಈ ಗೆಡ್ಡೆ ಎರಡೂ ಏಪಿಯಂ ಗ್ರೇವಿಯೋಲೆನ್ಸ್ ಎಂಬ ಒಂದೇ ಜಾತಿಯವು. ರೈತರು ಒಂದನ್ನು ದಂಟಿಗಾಗಿ, ಇನ್ನೊಂದನ್ನು ಬುಡಕ್ಕಾಗಿ ಆಯ್ದು ಬೆಳೆಸುತ್ತ ಬಂದದ್ದರಿಂದ ಅವು ಬೇರೆಯಾದವು. ಕೊತ್ತಂಬರಿ, ಜೀರಿಗೆ, ಓಮ, ಸಬ್ಬಸಿಗೆ, ಕ್ಯಾರೆಟ್ ಎಲ್ಲ ಇದೇ ಕುಟುಂಬದವು. ಯುರೋಪಿನಲ್ಲಿ ವಸಂತದಲ್ಲಿ ನೆಟ್ಟು, ಶರತ್ಕಾಲದ ಕೊನೆಗೆ ಕಿತ್ತು, ತಣ್ಣನೆಯ ತೇವದ ಉಗ್ರಾಣದಲ್ಲಿಟ್ಟರೆ ಚಳಿಗಾಲವಿಡೀ ಕೆಡದೆ ಉಳಿಯುತ್ತದೆ. ಜರ್ಮನಿ, ಫ್ರಾನ್ಸ್, ನೆದರ್ಲೆಂಡ್ಸ್, ಪೋಲೆಂಡ್, ಟರ್ಕಿಗಳಲ್ಲಿ ಇದು ಅಪರೂಪದ ತರಕಾರಿಯೇನಲ್ಲ, ಚಳಿಗಾಲದ ಮಾಮೂಲಿ ಸರಕು. ಇಂಗ್ಲಿಷ್ ಮಾತನಾಡುವ ನಾಡುಗಳು ಮಾತ್ರ ಬಹುಕಾಲ ಇದನ್ನು ಕುರೂಪಿಯೆಂದು ಹೀಯಾಳಿಸಿ ದೂರವಿಟ್ಟು, 2010ರ ದಶಕದಲ್ಲಿ ಹಠಾತ್ತನೆ ತಾವೇ ಕಂಡುಹಿಡಿದಂತೆ ಮೆರೆಸತೊಡಗಿದವು.

ಹಾಗೆ ಮೆರೆದದ್ದು ಒಂದೇ ಅಡುಗೆ: ಇಡೀ ಗೆಡ್ಡೆಯನ್ನು ಒಲೆಯೊಳಗಿಟ್ಟು ಗಂಟೆಗಟ್ಟಲೆ ಸುಡುವುದು. ಸುಟ್ಟದ್ದನ್ನು ದಪ್ಪ ಬಿಲ್ಲೆಗಳಾಗಿ ಕೊಯ್ದು, ಬಾಣಲೆಯಲ್ಲಿ ಕೆಂಪಗೆ ಮಾಡಿ, ‘ಸ್ಟೇಕ್’ ಎಂದು ತಟ್ಟೆಗೆ ಬಡಿಸುವುದು ಅದರ ಮುಂದಿನ ಹೆಜ್ಜೆ. ಮಾಂಸ ಬಿಟ್ಟವರ ಮೇಜಿಗೆ ಘನತೆ ತಂದ ತಿನಿಸು ಎಂದು ಆಹಾರ ಬರಹಗಾರರು ಇದನ್ನು ಕೊಂಡಾಡಿದ್ದಾರೆ. ಈ ಹೊಗಳಿಕೆ ಅತಿಯಾಯಿತು. ಗೆಡ್ಡೆಯ ಗುಣವೇನು, ಅದು ಯಾವ ಪಾಕದಲ್ಲಿ ಉಳಿಯುತ್ತದೆ, ಯಾವುದರಲ್ಲಿ ಕಳೆದುಹೋಗುತ್ತದೆ ಎಂದು ನೋಡಿದರೆ, ಅತ್ಯುತ್ತಮ ಅಡುಗೆ ಒಲೆಯನ್ನೇ ಕಾಣದ್ದು. ಅದು ಫ್ರಾನ್ಸಿನ ಬಿಸ್ಟ್ರೋಗಳಲ್ಲಿ, ಮಾಂಸದಂಗಡಿಯ ಗಾಜಿನ ಕಪಾಟಿನಲ್ಲಿ, ಶಾಲೆಯ ಊಟದ ತಟ್ಟೆಯಲ್ಲಿ ಸದಾ ಸಿಗುವ ಸೆಲೆರಿ ರೆಮುಲಾಡ್. ಎಲ್ಲೆಲ್ಲೂ ಸಿಗುತ್ತದೆಂಬ ಕಾರಣಕ್ಕೇ ಅದನ್ನು ಯಾರೂ ಗಂಭೀರವಾಗಿ ಎತ್ತಿಕೊಂಡಿಲ್ಲ.

ಮೊದಲು ಗೆಡ್ಡೆಯ ಗುಣ. ಹಸಿ ಗೆಡ್ಡೆಯ ತೂಕದಲ್ಲಿ ಶೇ. 88ರಷ್ಟು ನೀರು. 100 ಗ್ರಾಂನಲ್ಲಿ ಪಿಷ್ಟ, ಸಕ್ಕರೆ, ನಾರು ಸೇರಿ ಸುಮಾರು 9 ಗ್ರಾಂ ಶರ್ಕರಪಿಷ್ಟ, ಒಂದೂವರೆ ಗ್ರಾಂ ಪ್ರೋಟೀನ್, 42 ಕ್ಯಾಲೊರಿ. ಅಂದರೆ ಅದರಲ್ಲಿ ದ್ರವ್ಯಕ್ಕಿಂತ ಪರಿಮಳವೇ ಹೆಚ್ಚು. ಆ ಪರಿಮಳದ ಮೂಲ ಥ್ಯಾಲೈಡ್‌ಗಳೆಂಬ ರಾಸಾಯನಿಕಗಳು. ದಂಟಿನ ಸೆಲರಿಗೂ ವಾಸನೆ ಕೊಡುವುದು ಅವೇ. ನೀರಿಗಿಂತ ಎಣ್ಣೆ ಬೆಣ್ಣೆಗಳಲ್ಲಿ ಅವು ಚೆನ್ನಾಗಿ ಕರಗುತ್ತವೆ, ಅಷ್ಟು ಬೇಗ ಹಾರಿಹೋಗುವುದೂ ಇಲ್ಲ, ನಾಲಿಗೆಯ ಹಿಂಬದಿಯಲ್ಲಿ ತುಸು ಕಹಿಯೊಂದಿಗೆ ಬಹಳ ಹೊತ್ತು ನಿಲ್ಲುತ್ತವೆ. ಇದರ ಜೊತೆಗೆ ಹಸಿ ಗೆಡ್ಡೆಗೊಂದು ಗಡಸುತನವಿದೆ. ಕ್ಯಾರೆಟ್ಟಿನ ಗರಿಗರಿಗಿಂತ ಅದು ಒಣ, ಒತ್ತು. ದಪ್ಪ ಹೋಳನ್ನು ಹಾಗೇ ಕಚ್ಚಿದರೆ ಹಲ್ಲಿಗೆ ಹಿತವೆನಿಸದು. ಎಣ್ಣೆಗೆ ಒಲಿಯುವ ಪರಿಮಳ, ಹದಗೊಳಿಸಬೇಕಾದ ಗಡಸು: ಯಾವ ಪಾಕವನ್ನೇ ಅಳೆಯುವುದಾದರೂ ಈ ಎರಡರಿಂದ ಅಳೆಯಬೇಕು.

ಸುಡುವ ಪಾಕ ಇವೆರಡನ್ನೂ ಏನು ಮಾಡುತ್ತದೆ? ಒಂದು ಕಿಲೋದ ಗೆಡ್ಡೆಯನ್ನು 170 ಡಿಗ್ರಿಯ ಒಲೆಯೊಳಗೆ ಎಷ್ಟು ಹೊತ್ತು ಇಟ್ಟರೂ, ಒಳಗೆ ನೀರಿರುವವರೆಗೆ ಅದರ ಹೊಟ್ಟೆಯ ಶಾಖ 100 ಡಿಗ್ರಿ ದಾಟುವುದಿಲ್ಲ. ಹೊರಗಿನ ಕೆಲವು ಮಿಲಿಮೀಟರುಗಳಷ್ಟು ಮಾತ್ರ ಒಣಗಿ, ಕೆಂಪಾಗಿ, ಸುಟ್ಟ ಸಕ್ಕರೆಯ ಘಮ ಪಡೆಯುತ್ತದೆ. ಒಳಗಿನದ್ದು ತನ್ನದೇ ಸಿಪ್ಪೆಯೊಳಗೆ ಆವಿಯಲ್ಲಿ ಬೆಂದ ತರಕಾರಿ. ಉಪ್ಪಿನ ಕವಚದೊಳಗೆ ಸುಡುವ ವಿಧಾನದಲ್ಲಂತೂ ಕವಚ ಒಡೆದು, ಸಿಪ್ಪೆ ಸುಲಿದು, ಆ ಕೆಲವು ಮಿಲಿಮೀಟರುಗಳನ್ನೂ ಎಸೆಯುತ್ತಾರೆ. ಉಳಿಯುವುದು ಮೆತ್ತನೆಯ, ಸಿಹಿಯಾದ, ಅಂಚಿನಿಂದ ನಡುವಿನವರೆಗೆ ಒಂದೇ ರುಚಿಯ ಬಿಳಿ ಮುದ್ದೆ. ಗಡಸು ಪೂರ್ತಿ ಹೋಯಿತು. ಪರಿಮಳ ಹೋಗಲಿಲ್ಲ, ಆದರೆ ಮೊಂಡಾಯಿತು. ನಿಧಾನವಾಗಿ ಸುಟ್ಟಾಗ ಹೊರಗೆ ಜಿನುಗಿ ಅಂಟಾಗುವ ರಸ ರುಚಿಯಾದದ್ದು, ಸಿಪ್ಪೆಸಮೇತ ತಿಂದರೆ ಅಂಚುಗಳು ಚೆನ್ನಾಗಿಯೇ ಇರುತ್ತವೆ ಎಂಬುದನ್ನು ಒಪ್ಪಬಹುದು. ಆದರೆ ಅಂಚಿನ ರುಚಿಗಾಗಿ ಇಡೀ ಗೆಡ್ಡೆಯನ್ನು ಹೊಗಳಬೇಕಿಲ್ಲ.

ಈ ಪಾಕದ ಖ್ಯಾತಿಗೆ ಕಾರಣವಾದ ಭೋಜನಗಳನ್ನು ಒಂದೊಂದಾಗಿ ನೋಡಿದರೆ ವಿಷಯ ಇನ್ನೂ ಸ್ಪಷ್ಟವಾಗುತ್ತದೆ. ಲಂಡನ್ನಿನ ಬಾಣಸಿಗ ಯೋತಮ್ ಒಟ್ಟೊಲೆಂಗಿ ಇಕ್ಸ್ಟಾ ಬೆಲ್‌ಫ್ರೇಜ್ ಜೊತೆ ಬರೆದ ‘ಫ್ಲೇವರ್’ (2020) ಪುಸ್ತಕದಲ್ಲಿ ಸೆಲರಿ ಗೆಡ್ಡೆಯ ಸ್ಟೇಕಿಗೆ ಕೆಫೆ ದ ಪಾರಿ ಸಾಸ್ ಜೋಡಿಸಿದ್ದಾರೆ: ಬೆಣ್ಣೆ, ಕೆನೆ, ಬೆಳ್ಳುಳ್ಳಿ, ಸೊಪ್ಪುಗಳು, ಕರಿ ಪುಡಿ, ಆಂಚೊವಿ ಮೀನು. ಕೋಪನ್‌ಹೇಗನ್ನಿನ ನೋಮಾ ರೆಸ್ಟೋರೆಂಟ್ 2018ರ ತರಕಾರಿ ಋತುವಿನಲ್ಲಿ ಗೆಡ್ಡೆಯ ತೆಳು ಹಾಳೆಗಳನ್ನು ಟ್ರಫಲ್ ಅಣಬೆಯ ಮುದ್ದೆಯೊಡನೆ ಪದರ ಪದರವಾಗಿ ಪೇರಿಸಿ ಶವರ್ಮದಂತೆ ಸುಟ್ಟಿತು. ನ್ಯೂಯಾರ್ಕಿನ ಇಲೆವೆನ್ ಮ್ಯಾಡಿಸನ್ ಪಾರ್ಕ್ ರೆಸ್ಟೋರೆಂಟ್, ಸಸ್ಯಾಹಾರದ ಕಡೆ ತಿರುಗುವ ಎಷ್ಟೋ ಮೊದಲೇ, ಗೆಡ್ಡೆಯನ್ನು ಹಂದಿಯ ಮೂತ್ರಕೋಶದೊಳಗೆ ಕಟ್ಟಿ ಬೇಯಿಸಿ ಕಪ್ಪು ಟ್ರಫಲ್ಲಿನೊಡನೆ ಬಡಿಸಿತ್ತು. ಇದು ಫ್ರಾನ್ಸಿನ ವಿಯೆನ್ ಪಟ್ಟಣದ ಬಾಣಸಿಗ ಫರ್ನಾಂ ಪ್ವಾಂ ಕೋಳಿಗೆ ಮಾಡುತ್ತಿದ್ದ ಹಳೆಯ ಪಾಕದ ಅನುಕರಣೆ. ತರಕಾರಿಯ ಗೌರವಕ್ಕಾಗಿ ಹಂದಿಯ ಅಂಗವೊಂದು ಬೇಕಾಯಿತು ಎಂಬುದರಲ್ಲಿರುವ ವಿನೋದವನ್ನು ಆಗ ಹೊಗಳಿ ಬರೆದವರು ಗಮನಿಸಿದಂತಿಲ್ಲ. ಮೂರೂ ಭೋಜನಗಳಲ್ಲಿ ಕಸುಬಿದೆ, ಸೊಗಸಿದೆ. ಮೂರರಲ್ಲೂ ಬಾಯಿಗೆ ಸಿಗುವ ಆಳದ ರುಚಿ ಮಾತ್ರ ಆಂಚೊವಿಯದು, ಟ್ರಫಲ್ಲಿನದು, ಬೆಣ್ಣೆಯದು. ಗೆಡ್ಡೆ ಅವನ್ನು ಹೊತ್ತು ತಂದಿತಷ್ಟೆ.

ಮಾಂಸದ ಸ್ಟೇಕಿಗೂ ಸಾಸ್ ಹಾಕುವುದಿಲ್ಲವೇ ಎಂದು ಇದರ ಅಭಿಮಾನಿಗಳು ಕೇಳಬಹುದು. ಹಾಕುತ್ತಾರೆ. ಆದರೆ ಮಾಂಸವನ್ನು ಬರಿಯ ಉಪ್ಪು ಹಾಕಿ ಸುಟ್ಟರೂ ತಿನ್ನುವವರು ತಟ್ಟೆ ಖಾಲಿ ಮಾಡುತ್ತಾರೆ. ಉಪ್ಪು ಮಾತ್ರ ಹಾಕಿ ಸುಟ್ಟ ಸೆಲರಿ ಗೆಡ್ಡೆಯ ಮೂರನೆಯ ಬಿಲ್ಲೆಯನ್ನು ಯಾರೂ ಕೇಳುವುದಿಲ್ಲ. ಮಾಂಸದ ಪಾತ್ರವನ್ನು ಕೊಟ್ಟದ್ದೇ ಗೆಡ್ಡೆಗೆ ಮಾಡಿದ ಅನ್ಯಾಯ. ಪ್ರೋಟೀನೂ ಕೊಬ್ಬೂ ಅತ್ಯಲ್ಪವಿರುವ ವಸ್ತುವಿನಿಂದ ಮಾಂಸದ ಕೆಲಸ ನಿರೀಕ್ಷಿಸಿ, ಅದಾಗದಿದ್ದಾಗ ಸಾಸಿನಿಂದ ಮುಚ್ಚಿದರು.

ಈಗ ರೆಮುಲಾಡ್. ಸಿಪ್ಪೆ ಹೆರೆದ ಹಸಿ ಗೆಡ್ಡೆಯನ್ನು ಬೆಂಕಿಕಡ್ಡಿಯಷ್ಟು ಸಣ್ಣಗೆ, ಸಾಧ್ಯವಾದರೆ ಅದಕ್ಕಿಂತ ತೆಳ್ಳಗೆ ಕೊಯ್ದು, ಸಾಸಿವೆ ಹೆಚ್ಚಿರುವ ದಪ್ಪ ಸಾಸಿನಲ್ಲಿ ಕಲಸಿದರೆ ಅದೇ ಸೆಲೆರಿ ರೆಮುಲಾಡ್. ಸಾಮಾನ್ಯ ಪಾಠದಲ್ಲಿ ಸಾಸ್ ಎಂದರೆ ಡಿಜಾನ್ ಸಾಸಿವೆ ಸೇರಿಸಿದ ಮೇಯನೇಸ್: ಮೊಟ್ಟೆಯ ಹಳದಿ, ಎಣ್ಣೆ, ವಿನೆಗರ್ ಅಥವಾ ನಿಂಬೆರಸ. ಇಷ್ಟು ಸರಳವಾದದ್ದರ ಬಗ್ಗೆ ಜಗಳ ಎಲ್ಲಿಂದ ಬರಬೇಕು ಎನಿಸೀತು. ಜಗಳ ಇರುವುದು ಕೊಯ್ದ ಎಳೆಗಳನ್ನು ಸಾಸಿಗೆ ಹಾಕುವ ಮುನ್ನ ಏನು ಮಾಡಬೇಕೆಂಬುದರಲ್ಲಿ. ಇಡೀ ಭಕ್ಷ್ಯದ ಅಳಿವು ಉಳಿವು ಆ ಅರ್ಧ ಗಂಟೆಯ ಮೇಲೇ ನಿಂತಿದೆ.

ಜೂಲಿಯಾ ಚೈಲ್ಡ್, ಸಿಮೋನ್ ಬೆಕ್ ಮತ್ತು ಲೂಯಿಸೆಟ್ ಬರ್ತೋಲ್ 1961ರಲ್ಲಿ ಹೊರತಂದ ಫ್ರೆಂಚ್ ಪಾಕಗ್ರಂಥದಲ್ಲಿರುವ ವಿಧಾನವನ್ನು ಸ್ವಲ್ಪ ತಾಳ್ಮೆಯಿಂದ ನೋಡಬೇಕು. ಸುಮಾರು 450 ಗ್ರಾಂ ಗೆಡ್ಡೆಯ ಎಳೆಗಳಿಗೆ ಒಂದೂವರೆ ಚಿಕ್ಕ ಚಮಚ ಉಪ್ಪು, ಅಷ್ಟೇ ನಿಂಬೆರಸ ಬೆರೆಸಿ ಅರ್ಧ ಗಂಟೆ ಬಿಡುವುದು. ಆಮೇಲೆ ತಣ್ಣೀರಿನಲ್ಲಿ ತೊಳೆದು, ಬಸಿದು, ಬಟ್ಟೆಯಲ್ಲಿ ಒರೆಸಿ ಒಣಗಿಸುವುದು. ಸಾಸಿನಲ್ಲಿ ಮೊಟ್ಟೆಯೇ ಇಲ್ಲ. ಬೆಚ್ಚಗೆ ಮಾಡಿದ ಬಟ್ಟಲಿನಲ್ಲಿ ನಾಲ್ಕು ದೊಡ್ಡ ಚಮಚ ಸಾಸಿವೆ. ಅದಕ್ಕೆ ಮೂರು ದೊಡ್ಡ ಚಮಚ ಕುದಿನೀರನ್ನು ಹನಿಹನಿಯಾಗಿ ಕಡೆದು, ನಂತರ ಎಣ್ಣೆಯನ್ನೂ ಹಾಗೇ ಹನಿಹನಿಯಾಗಿ ಸೇರಿಸಿ, ಕೊನೆಗೆ ವಿನೆಗರ್. ಎಳೆಗಳನ್ನು ಇದರಲ್ಲಿ ಕೆಲವು ಗಂಟೆ, ಬೇಕಾದರೆ ರಾತ್ರಿಯಿಡೀ ನೆನೆಸುವುದು.

ಉಪ್ಪಿನ ಲೆಕ್ಕ ನೋಡಿ. ಒಂದೂವರೆ ಚಿಕ್ಕ ಚಮಚವೆಂದರೆ ಸುಮಾರು 9 ಗ್ರಾಂ, ಗೆಡ್ಡೆಯ ತೂಕದ ಶೇ. 2. ರುಚಿಗಾಗಿ ಹಾಕುವ ಪ್ರಮಾಣವಲ್ಲ ಇದು. ಸಾಸಿವೆಯ ಉಪ್ಪೂ ಸೇರುವುದರಿಂದ ತೊಳೆಯದೇ ತಿಂದರೆ ಬಾಯಿ ಸುಡುತ್ತದೆ. ಇಲ್ಲಿ ಉಪ್ಪಿನ ಕೆಲಸ ನೀರೆಳೆಯುವುದು. ಸೌತೆಕಾಯಿ ಕೋಸಂಬರಿ ನೀರು ಬಿಟ್ಟುಕೊಳ್ಳಬಾರದೆಂದು ಕನ್ನಡದ ಮನೆಗಳಲ್ಲಿ ಉಪ್ಪನ್ನು ಬಡಿಸುವ ಹೊತ್ತಿಗೆ ಹಾಕುತ್ತಾರಲ್ಲ, ಅದೇ ತಿಳಿವಳಿಕೆಯನ್ನು ಇಲ್ಲಿ ತಿರುಗಿಸಿ ಬಳಸಿದೆ: ಹೇಗೂ ಬಿಡುವ ನೀರನ್ನು ಸಾಸ್ ಸೇರುವ ಮೊದಲೇ ಬಿಡಿಸಿ ಚೆಲ್ಲಿಬಿಡುವುದು. ಜೀವಕೋಶಗಳಿಂದ ನೀರು ಹೊರಬಂದಂತೆ ಅವುಗಳ ಒಳಗಿನ ಬಿಗುವು ಇಳಿಯುತ್ತದೆ. ಮುರಿಯುತ್ತಿದ್ದ ಎಳೆ ಬಾಗತೊಡಗುತ್ತದೆ. ಆದರೆ ಕೋಶಗಳ ಗೋಡೆಯನ್ನು ಹಿಡಿದಿಟ್ಟಿರುವ ಪೆಕ್ಟಿನ್ ಕರಗುವುದಿಲ್ಲ. ಅದಕ್ಕೆ ಶಾಖ ಬೇಕು. ಹೀಗಾಗಿ ಗಡಸು ತಗ್ಗಿದರೂ ಕುರುಕು ಉಳಿಯುತ್ತದೆ. ನಿಂಬೆಯ ಹುಳಿ ಕೊಯ್ದ ಮೈಯನ್ನು ಕಂದಾಗಿಸುವ ಕಿಣ್ವವನ್ನು ತಡೆಯುತ್ತದೆ. ಅರ್ಧ ಗಂಟೆಯ ನಂತರ ಒಂದು ಎಳೆಯನ್ನು ಬೆರಳಿಗೆ ಸುತ್ತಿ ನೋಡಬಹುದು. ಮುರಿಯದೆ ಸುತ್ತಿಕೊಂಡರೆ ಹದ ಬಂದಿದೆ.

ಎದುರು ಪಕ್ಷದವರು ಎಳೆಗಳನ್ನು ಕುದಿನೀರಿಗೆ ಹಾಕಿ ಒಂದೆರಡು ನಿಮಿಷದಲ್ಲಿ ತೆಗೆಯಬೇಕೆನ್ನುತ್ತಾರೆ. ಹಲವು ಅಡುಗೆ ಪುಸ್ತಕಗಳು ಇದನ್ನೇ ಕಲಿಸುತ್ತವೆ. ಹಸಿ ಗೆಡ್ಡೆ ಹೊಟ್ಟೆಗೆ ಭಾರ, ಕಹಿ ಎಂಬುದು ಅವರ ವಾದ. ಕಹಿ ಸ್ವಲ್ಪ ಇಳಿಯುವುದು ನಿಜ. ಕಿಣ್ವ ಸತ್ತು ಎಳೆಗಳು ದಿನಗಟ್ಟಲೆ ಬೆಳ್ಳಗಿರುವುದೂ ನಿಜ. ಅಂಗಡಿಯವರಿಗೆ ಈ ಪಾಕ ಪ್ರಿಯವಾಗಲು ಇಷ್ಟು ಸಾಕು. ಆದರೆ ಶಾಖ ಕೋಶಗಳ ಪೊರೆ ಹರಿದು ಗೋಡೆಯನ್ನು ಸಡಿಲಿಸುತ್ತದೆ. ಬೇಯದ, ಹಸಿಯೂ ಅಲ್ಲದ ಆ ಎಳೆ ಜೋತುಬಿದ್ದು, ಬಸಿದರೂ ಒಳಗೆ ನೀರು ಇಟ್ಟುಕೊಂಡು, ಮರುದಿನದ ಹೊತ್ತಿಗೆ ಸಾಸನ್ನು ತೆಳ್ಳಗೆ ಮಾಡಿಬಿಡುತ್ತದೆ. ಶಾಲೆಯ ಊಟದಲ್ಲಿ ಈ ಭಕ್ಷ್ಯ ತಿಂದು ಮುಖ ಹಿಂಡಿದವರ ದೂರು ಸಾಮಾನ್ಯವಾಗಿ ತಟ್ಟೆಯ ತಳದಲ್ಲಿ ನಿಂತ ಆ ಬಿಳಿ ನೀರಿನ ಬಗ್ಗೆಯೇ. ಅವರು ಬೈಯಬೇಕಾದದ್ದು ಅವಸರದ ಕೈಯನ್ನು, ಗೆಡ್ಡೆಯನ್ನಲ್ಲ. ಉಪ್ಪಿನ ವಿಧಾನಕ್ಕೂ ಒಂದು ಕುಂದಿದೆ: ತೊಳೆಯುವಾಗ ಉಪ್ಪಿನ ಜೊತೆ ಕೊಂಚ ಸಕ್ಕರೆಯೂ ಹೋಗುತ್ತದೆ, ಒರೆಸುವುದರಲ್ಲಿ ಉದಾಸೀನ ಮಾಡಿದರೆ ಇಲ್ಲೂ ನೀರು ನಿಲ್ಲುತ್ತದೆ. ಆದರೂ ಎರಡನ್ನೂ ತೂಗಿದರೆ ಉಪ್ಪಿನ ಪಕ್ಷಕ್ಕೇ ಜಯ.

ಎರಡನೆಯ ಜಗಳ ಮೊಟ್ಟೆಯದು. ಮೇಯನೇಸ್ ಇಲ್ಲದ್ದು ರೆಮುಲಾಡೇ ಅಲ್ಲ ಎನ್ನುವ ಶುದ್ಧವಾದಿಗಳಿದ್ದಾರೆ. ಹೆಸರಿನ ಹಕ್ಕು ಅವರಿಗೇ ಇರಲಿ. ರುಚಿಯ ಪ್ರಶ್ನೆ ಬೇರೆ. ಹಳದಿಯ ಸಾಸ್ ಹೆಚ್ಚು ಸ್ಥಿರ, ಹೆಚ್ಚು ದಪ್ಪ. ಅದು ಎಳೆಗಳಿಗೆ ಕೋಟು ಹಾಕಿ ನಾಲಿಗೆಯ ಮೇಲೊಂದು ಜಿಡ್ಡಿನ ಪದರ ಹಾಸುತ್ತದೆ. ಬರೀ ಸಾಸಿವೆಯ ಸಾಸಿನಲ್ಲಿ ಎಣ್ಣೆ ಮತ್ತು ನೀರನ್ನು ಹಿಡಿದಿಡುವುದು ಅರೆದ ಸಾಸಿವೆಯಲ್ಲೇ ಇರುವ ಲೋಳೆ. ಕುದಿನೀರು ಯಾಕೆ? ಬೆಚ್ಚಗಾದ, ತೆಳುವಾದ ಸಾಸಿವೆ ಎಣ್ಣೆಯನ್ನು ಸುಲಭವಾಗಿ ಒಳಗೊಳ್ಳುತ್ತದೆ ಎಂಬುದು ಒಂದು ಕಾರಣ. ಇನ್ನೊಂದು ಅದಕ್ಕಿಂತ ಮುಖ್ಯ: ಸಾಸಿವೆಯ ಘಾಟು ಬೇಗ ಹಾರುವಂಥದ್ದು, ಬಿಸಿ ತಾಗಿದರೆ ಅದರ ಮೊನೆ ಸ್ವಲ್ಪ ಮುರಿಯುತ್ತದೆ. ಹಾಗಾಗಿಯೇ ನಾಲ್ಕು ದೊಡ್ಡ ಚಮಚ ಸಾಸಿವೆಯನ್ನು ಬಾಯಿ ತಡೆದುಕೊಳ್ಳುತ್ತದೆ. ಪ್ರಮಾಣ ಕಂಡು ಹೆದರಿ ಅದನ್ನು ಅರ್ಧ ಮಾಡುವವರು ಸಾಸಿವೆಯ ಕೆಲಸವನ್ನು ತಪ್ಪಾಗಿ ತಿಳಿದಿದ್ದಾರೆ. ಮೊದಲ ತುತ್ತಿನಲ್ಲಿ ಮೂಗಿಗೇರುವುದು ಸಾಸಿವೆ. ಕ್ಷಣದಲ್ಲಿ ಅದು ಇಳಿದಾಗ, ಅಷ್ಟರಲ್ಲಿ ಎಣ್ಣೆಗೆ ಇಳಿದಿರುವ ಸೆಲರಿಯ ಪರಿಮಳ ನಿಧಾನವಾಗಿ ಮುಂದೆ ಬಂದು ಉಳಿದ ಹೊತ್ತನ್ನೆಲ್ಲ ಆಕ್ರಮಿಸುತ್ತದೆ. ಒಂದು ಹಸಿ ತರಕಾರಿಯಲ್ಲಿ ರುಚಿ ಹೀಗೆ ಎರಡು ಹಂತಗಳಲ್ಲಿ ಬರುವುದು ವಿರಳ. ಸುಟ್ಟ ಬಿಲ್ಲೆಯಲ್ಲಿ ಇದು ಇಲ್ಲ. ಮೊಟ್ಟೆಯ ಸಾಸಿನಲ್ಲಿ ಇದ್ದರೂ ಜಿಡ್ಡಿನ ಮರೆಯಲ್ಲಿದೆ. ಮೊಟ್ಟೆ ತಿನ್ನದ ಕನ್ನಡ ಓದುಗರಿಗೆ ರುಚಿಯ ವಾದವೂ ಅವರ ಕಡೆಯೇ ಇದೆಯೆಂಬುದು ಸಂತೋಷದ ವಿಷಯ.

ಕೊಯ್ಯುವ ಸಲಕರಣೆಯ ಬಗ್ಗೆಯೂ ಒಂದು ಮಾತು. ತುರಿಮಣೆ ಕೋಶಗಳನ್ನು ಹರಿಯುತ್ತದೆ. ರಸ ಸೋರಿ, ಕಿಣ್ವಕ್ಕೆ ಗಾಳಿ ಸಿಕ್ಕಿ, ತುರಿ ಬೇಗ ಕಂದುತ್ತದೆ. ಚೂಪಾದ ಚಾಕು ಅಥವಾ ಮ್ಯಾಂಡೊಲಿನ್ ಎಂಬ ಕೊಯ್ಯುವ ಹಲಗೆಯೇ ಇದಕ್ಕೆ ತಕ್ಕದ್ದು. ಎಲೆಕೋಸಿನ ಕೋಲ್‌ಸ್ಲಾ ಜೊತೆ ಇದನ್ನು ಒಂದೇ ಕಟ್ಟಿಗೆ ಕಟ್ಟುವ ಬರಹಗಾರರು ತುರಿದದ್ದನ್ನೇ ತಿಂದಿರಬೇಕು.

ಬೇಯಿಸಿದ ಗೆಡ್ಡೆ ಪೂರ್ತಿ ವ್ಯರ್ಥವೆಂದಲ್ಲ. ಅದನ್ನು ಹಾಳುಮಾಡಿರುವುದು ಆಲೂಗಡ್ಡೆಯ ಜೊತೆಗಿನ ಹೋಲಿಕೆ. ಆಲೂಗಡ್ಡೆಯ 100 ಗ್ರಾಂನಲ್ಲಿ 77 ಕ್ಯಾಲೊರಿ, ಇದರಲ್ಲಿ 42. ಹಾಗೆಂದು ತೂಕ ಇಳಿಸುವವರು ಇದನ್ನು ಆಲೂಗಡ್ಡೆಯ ಜಾಗದಲ್ಲಿ ಕೂರಿಸುತ್ತಾರೆ, ಉದ್ದುದ್ದ ಕೊಯ್ದು ಫ್ರೈಸ್ ಎನ್ನುತ್ತಾರೆ. ಪಿಷ್ಟ ಕಡಿಮೆ, ನೀರು ಹೆಚ್ಚು ಇರುವುದರಿಂದ ಅದು ಗರಿಯಾಗುವುದಿಲ್ಲ, ಬೇಗನೆ ಸೊರಗುತ್ತದೆ. ಮ್ಯಾಶ್ ಮಾಡಿದರೆ ನಿಲ್ಲದೆ ಹರಡಿಕೊಳ್ಳುತ್ತದೆ. ಅರ್ಧಕ್ಕರ್ಧ ಆಲೂಗಡ್ಡೆ ಸೇರಿಸುವ ಹಳೆಯ ಪದ್ಧತಿ ಈ ಕೊರತೆಗೆ ಸರಿಯಾದ ಉತ್ತರ: ಮೈ ಆಲೂಗಡ್ಡೆಯದು, ಪರಿಮಳ ಸೆಲರಿಯದು. ಹಾಲಿನಲ್ಲಿ ಬೇಯಿಸಿ ಬೆಣ್ಣೆ ಹಾಕಿ ನುಣ್ಣಗೆ ಅರೆದ ಪ್ಯೂರಿಯೂ, ಬೆಣ್ಣೆ ಪರಿಮಳವನ್ನು ಹಿಡಿಯುವುದರಿಂದ, ಒಪ್ಪುತ್ತದೆ.

ಜರ್ಮನಿಯಲ್ಲಿ ಕ್ಯಾರೆಟ್, ಲೀಕ್, ಪಾರ್ಸ್ಲಿ ಜೊತೆ ಇದರ ತುಂಡೊಂದನ್ನು ಕಟ್ಟಿ ಸೂಪಿನ ಕಂತೆಯೆಂದು ಮಾರುತ್ತಾರೆ. ಪೋಲೆಂಡಿನಲ್ಲೂ ಅಂಥ ಕಂತೆಯಿದೆ. ಡಚ್ಚರ ದಪ್ಪ ಬಟಾಣಿ ಸೂಪಿಗೂ ಇದು ಬೇಕೇ ಬೇಕು. ಈ ಸೂಪುಗಳಲ್ಲಿ ಗೆಡ್ಡೆ ಕಣ್ಣಿಗೆ ಬೀಳುವುದಿಲ್ಲ, ಹೆಸರೂ ಪಡೆಯುವುದಿಲ್ಲ. ಸಾರಿನ ಇತರ ರುಚಿಗಳನ್ನು ಎತ್ತಿಹಿಡಿಯುವ ಗುಣ ಸೆಲರಿಯ ಥ್ಯಾಲೈಡ್‌ಗಳಿಗಿದೆ. ಅದನ್ನು ಬಿಟ್ಟು ಮಾಡಿದ ಸಾರು ಸಪ್ಪೆಯಾದಾಗ ಮಾತ್ರ ಅದರ ಬೆಲೆ ತಿಳಿಯುತ್ತದೆ. ಜರ್ಮನ್ನರು ವಾಲ್ಡಾರ್ಫ್ ಸಲಾಡಿಗೆ ಅಮೆರಿಕದ ದಂಟಿನ ಬದಲು ಗೆಡ್ಡೆಯನ್ನೇ ಹಾಕುತ್ತಾರೆ. ಸೇಬಿನ ಹುಳಿಸಿಹಿಯೊಡನೆ ಅದು ಮೂಲಕ್ಕಿಂತ ಚೆನ್ನ. ಬಿಲ್ಲೆಗೆ ರೊಟ್ಟಿಪುಡಿ ಹಚ್ಚಿ ಕರಿದ ಅವರ ಶ್ನಿಟ್ಸೆಲ್ ಸ್ಟೇಕಿಗಿಂತ ಹಳೆಯದು, ಅದಕ್ಕಿಂತ ಕಡಿಮೆ ಬಡಾಯಿಯದು.

ಬೇಯಿಸಿದವುಗಳಲ್ಲಿ ಮೇಲ್ಪಂಕ್ತಿ ಟರ್ಕಿಯದು. ಅಲ್ಲಿ, ವಿಶೇಷವಾಗಿ ಏಜಿಯನ್ ಕರಾವಳಿಯಲ್ಲಿ, ಚಳಿಗಾಲದ ಕೆರೆವಿಜ್ ಎಂದರೆ ಹೋಳುಗಳನ್ನು ಈರುಳ್ಳಿ, ಕ್ಯಾರೆಟ್, ಆಲೂಗಡ್ಡೆಗಳೊಡನೆ ಆಲಿವ್ ಎಣ್ಣೆ, ಕಿತ್ತಳೆರಸ, ನಿಂಬೆರಸಗಳಲ್ಲಿ ಸಣ್ಣ ಉರಿಯ ಮೇಲೆ ಬೇಯಿಸಿ, ತಣ್ಣಗಾಗಿಸಿ ತಿನ್ನುವುದು. ಗೆಡ್ಡೆಯ ತುದಿಯ ಎಲೆದಂಟುಗಳನ್ನೂ ಕೊಯ್ದು ಹಾಕುತ್ತಾರೆ. ರೆಮುಲಾಡಿನ ಎರಡು ಸೂತ್ರಗಳು, ಎಣ್ಣೆ ಮತ್ತು ಹುಳಿ, ಇಲ್ಲಿ ಬೆಂಕಿಯ ಮೇಲೂ ನಡೆಯುತ್ತವೆ: ಎಣ್ಣೆ ಪರಿಮಳವನ್ನು ಹಿಡಿಯುತ್ತದೆ, ಹುಳಿ ಹೋಳು ಕಂದದಂತೆಯೂ ಬೇಗ ಕರಗಿಹೋಗದಂತೆಯೂ ಕಾಯುತ್ತದೆ. ತಣ್ಣಗೆ ಬಡಿಸುವುದರಿಂದ ಕಿತ್ತಳೆಯ ಸಿಹಿ ಮುಂದೆ ನುಗ್ಗುವುದಿಲ್ಲ. ಲಂಡನ್ನು ಕೋಪನ್‌ಹೇಗನ್ನುಗಳ ಹೊಗಳಿಕೆಯಲ್ಲಿ ಹತ್ತರಲ್ಲೊಂದು ಪಾಲು ಈ ಮನೆ ಅಡುಗೆಗೆ ಸಿಕ್ಕಿದ್ದರೆ ನ್ಯಾಯವಾಗುತ್ತಿತ್ತು.

ಕೊಳ್ಳುವಾಗ ಅರ್ಧದಿಂದ ಮುಕ್ಕಾಲು ಕಿಲೋದ, ಗಾತ್ರಕ್ಕೆ ತಕ್ಕ ತೂಕವಿರುವ ಗೆಡ್ಡೆ ಒಳ್ಳೆಯದು. ತೀರ ದೊಡ್ಡದರ ನಡು ಬೆಂಡಾಗಿ ಟೊಳ್ಳಾಗಿರಬಹುದು. ಬೇರುಗಳು ಹೆಣೆದುಕೊಂಡ ತಳಭಾಗವನ್ನು ಸಿಪ್ಪೆ ತೆಗೆಯುವ ಸಲಕರಣೆಗೆ ಬಿಡದೆ ಚಾಕುವಿನಿಂದ ದಪ್ಪಗೆ ಕೊಯ್ದು ತೆಗೆಯಬೇಕು. ತೂಕದ ಗಣನೀಯ ಪಾಲು ಹೀಗೇ ಹೋಗುತ್ತದೆ. ಬರ್ಚ್ ಅಥವಾ ಮಗ್‌ವರ್ಟ್ ಪರಾಗದ ಅಲರ್ಜಿ ಇರುವವರಿಗೆ ಸೆಲರಿಯೂ ಆಗದಿರುವುದುಂಟು, ಕೆಲವರಿಗೆ ಬೇಯಿಸಿದರೂ ಆಗುವುದಿಲ್ಲ. ಆಹಾರದ ಲೇಬಲ್ಲಿನಲ್ಲಿ ಕಡ್ಡಾಯವಾಗಿ ನಮೂದಿಸಬೇಕೆಂದು ಐರೋಪ್ಯ ಒಕ್ಕೂಟ ಗುರುತಿಸಿರುವ 14 ಅಲರ್ಜಿಕಾರಕಗಳಲ್ಲಿ ಸೆಲರಿ ಒಂದು. ಸಾಸಿವೆಯೂ ಮೊಟ್ಟೆಯೂ ಅದೇ ಪಟ್ಟಿಯಲ್ಲಿವೆ.